ಮಾರ್ಸೆಲ್ ದಾಲಿಯೊ: ಇಂಥ ನಟನನ್ನ ಹಾಲಿವುಡ್ ವೇಸ್ಟ್ ಮಾಡ್ಬಿಡ್ತಾ?

ಮ್ಯಾಟಿನಿ_ಮಂಜು
1942ರ ಹಾಲಿವುಡ್ ಸಿನಿಮಾ ಕ್ಯಾಸಾಬ್ಲಾಂಕಾದಲ್ಲಿ ಆ ಸೀನ್ ಎಲ್ರಿಗೂ ನೆನಪಿರತ್ತೆ. ಪೊಲೀಸ್ ಕ್ಯಾಪ್ಟನ್ ರೆನೋ ಕ್ಲಬ್ ಬಾಗಿಲು ಹಾಕಿಸ್ತಾ "ಇಲ್ಲಿ ಜೂಜು ನಡೀತಿದೆ ಅಂತ ಗೊತ್ತಾಗಿ ನಂಗೆ ಶಾಕ್ ಆಗಿದೆ" ಅಂತಾನೆ, ಮಾತು ಮುಗಿಯೋಕೆ ಮುಂಚೆನೇ ಪಕ್ಕದಿಂದ ಒಬ್ಬ ಬಂದು "ತಗೊಳಿ ಸರ್, ನೀವು ಗೆದ್ದಿದ್ದು" ಅಂತ ನೋಟು ಕೈಗಿಡ್ತಾನೆ. ರೂಲೆಟ್ ಟೇಬಲ್ ನೋಡ್ಕೊಳೋ ಎಮಿಲ್ ಅವ್ನು. ಟೈಟಲ್ ಕಾರ್ಡಲ್ಲಿ ಹೆಸರು ಕೂಡ ಇಲ್ಲ. ಅದು ಫ್ರೆಂಚ್ ನಟ ಮಾರ್ಸೆಲ್ ದಾಲಿಯೊ ಕಣ್ರಪ್ಪಾ! ಆ ಸಿನಿಮಾಗೆ ಮೂರೇ ವರ್ಷ ಮುಂಚೆ, 1939ರಲ್ಲಿ, ಫ್ರೆಂಚ್ ಡೈರೆಕ್ಟರ್ ಜಾಂ ರೆನ್ವಾ ಅವ್ರ ರೂಲ್ಸ್ ಆಫ್ ದಿ ಗೇಮ್‌ನಲ್ಲಿ ಮಾರ್ಕ್ವಿಸ್ ದ ಲಾ ಶೆನೆ ಆಗಿ ಇಡೀ ಬಂಗಲೆನೇ ಆಳಿದ ಮನುಷ್ಯ. ಅದಕ್ಕೆ ಎರಡು ವರ್ಷ ಮುಂಚೆ ಗ್ರ್ಯಾಂಡ್ ಇಲ್ಯೂಷನ್‌ನಲ್ಲಿ ಯಹೂದಿ ಸೈನಿಕ ರೋಸೆಂಥಾಲ್. ಜಗತ್ತಿನ ಸಿನಿಮಾ ಪಟ್ಟಿ ಯಾರೇ ಮಾಡ್ಲಿ ಈ ಎರಡೂ ಇದ್ದೇ ಇರ್ತವೆ, ಎರಡರಲ್ಲೂ ಇವ್ನು ಮೇನ್ ಪಾತ್ರ. ಅಂಥವನಿಗೆ ಹಾಲಿವುಡ್ ಕೊಟ್ಟಿದ್ದು ವೇಟರು, ಹೋಟೆಲ್ ಮಾಲೀಕ, ಪಾದ್ರಿ, ಜೂಜಿನ ಚಕ್ರ ತಿರುಗಿಸೋನು. ಇದನ್ನ ವೇಸ್ಟ್ ಅನ್ನದೆ ಇನ್ನೇನನ್ನೋದು? ನಿಮ್ಮ ಅಭಿಪ್ರಾಯ ಹೇಳಿ.

ಬಾಲ್ಕನಿ_ಟಿಕೆಟ್
ವೇಸ್ಟ್ ಅಂತ ಒಂದೇ ಪದದಲ್ಲಿ ಹೇಳ್ಬಿಟ್ರೆ ಹೆಂಗೆ ಗುರು. ಆ ಒಂದು ಲೈನು ಎಂಬತ್ತು ವರ್ಷ ಆದ್ಮೇಲೂ ಜನ ಕೋಟ್ ಮಾಡ್ತಾರೆ.

ರೀಲ್_ರಂಗ
ಜನ ಕೋಟ್ ಮಾಡೋದು ರೆನೋ ಪಾತ್ರ ಮಾಡಿದ ಕ್ಲಾಡ್ ರೇನ್ಸ್ ಲೈನನ್ನ.

ಬಾಲ್ಕನಿ_ಟಿಕೆಟ್
ದಾಲಿಯೊ ಬಂದು ದುಡ್ಡು ಕೊಡದಿದ್ರೆ ರೇನ್ಸ್ ಲೈನಲ್ಲಿ ನಗೋಕೆ ಏನಿದೆ? ಟೈಮಿಂಗ್ ನೋಡಿ, ಅರ್ಧ ಸೆಕೆಂಡು ಲೇಟಾದ್ರೂ ಜೋಕ್ ಠುಸ್.

ಧಾರವಾಡ_ಪೇಡಾ
ನೋಡ್ರಿ ಮಂಜು ಅವ್ರ, ವೇಸ್ಟ್ ಆತು ಅಂತ ಅನ್ನೂಕಿಂತ ಮೊದಲ ಆ ಮನಶ್ಯಾ ಅಮೆರಿಕಾಕ ಹೆಂಗ ಬಂದಾ ಅಂತ ತಿಳ್ಕೋಬೇಕು. ಹುಟ್ಟಿದ್ದು 1899ರಾಗ ಪ್ಯಾರಿಸ್‌ನ್ಯಾಗ, ರುಮೇನಿಯಾದಿಂದ ಬಂದ ಯಹೂದಿ ಮನೆತನ, ನಿಜ ಅಡ್ಡಹೆಸರು ಬ್ಲೌಶಿಲ್ಡ್. 1940ರ ಜೂನ್‌ದಾಗ ಜರ್ಮನ್ ಸೈನ್ಯ ಪ್ಯಾರಿಸ್‌ಗೆ ಹೊಕ್ಕೂಕಿಂತ ಮೊದಲ ಹೆಂಡ್ತಿ ಮ್ಯಾಡ್ಲೀನ್ ಲೆಬೋನ ಕರ್ಕೊಂಡು ಲಿಸ್ಬನ್‌ಗೆ ಓಡಿದಾ. ಅಲ್ಲೆ ಚಿಲಿ ದೇಶದ ವೀಸಾ ಸಿಕ್ಕಿತು. ಹಡಗ ಹತ್ತಿ ಸಮುದ್ರ ದಾಟಿ ಹೋದ್ರ ಆ ವೀಸಾ ನಕಲಿ! ಇಳಿಯೂಹಂಗಿಲ್ಲ, ವಾಪಸ್ ಹೋಗೂಹಂಗಿಲ್ಲ. ಕಡೀಕ ಕೆನಡಾದ ತಾತ್ಕಾಲಿಕ ಪಾಸ್‌ಪೋರ್ಟ್ ಹೆಂಗೋ ಹೊಂದಿಸ್ಕೊಂಡು ಅಮೆರಿಕಾದಾಗ ಕಾಲಿಟ್ಟಾ. ಆಗ ವಯಸ್ಸು ನಾಲ್ವತ್ತು ದಾಟಿತ್ತು, ಇಂಗ್ಲಿಷ್ ಮಾತಾಡಿದ್ರ ಫ್ರೆಂಚ್ ವಾಸನಿ ಹೊಡೀತಿತ್ತು. ಇಂಥಾವಂಗ ಏನ್ ಹೀರೋ ಪಾರ್ಟ್ ಕೊಡ್ತಾರ್ರಿ? ದಿನಾ ಕೆಲಸ ಸಿಕ್ಕಿದ್ದ ದೊಡ್ಡದು.

ನಾಣಿ77
ನಕಲಿ ವೀಸಾ ಅಂತ ಲಿಸ್ಬನ್‌ನಲ್ಲೇ ಗೊತ್ತಾಗಿತ್ತು ಅಲ್ವಾ?

ಧಾರವಾಡ_ಪೇಡಾ
ಇಲ್ರೀ, ಗೊತ್ತಾಗಿದ್ದು ಹಡಗ ಮೆಕ್ಸಿಕೊ ಮುಟ್ಟಿದ ಮ್ಯಾಲೆ. ಲಿಸ್ಬನ್‌ನ್ಯಾಗ ಗೊತ್ತಾಗಿದ್ರ ಯಾರ್ ಹತ್ತತಿದ್ರು ಹಡಗ? ಕ್ವಾಂಝಾ ಅಂತ ಪೋರ್ಚುಗೀಸ್ ಹಡಗ ಅದು. ಅದರಾಗಿದ್ದ ಎಷ್ಟೋ ನಿರಾಶ್ರಿತರದ್ದು ಇದ ಹಣೆಬರಹ.

ಸೈಲೆಂಟ್_ಸರೋಜ
ಲೆಬೋ ಹೆಸರು ಬಂತಲ್ಲ, ಅದನ್ನ ಹಂಗೇ ಬಿಟ್ಟು ಹೋಗ್ಬೇಡಿ. ಕ್ಯಾಸಾಬ್ಲಾಂಕಾದಲ್ಲೇ ಇದಾಳೆ ಅವಳು! ಕ್ಲಬ್ಬಲ್ಲಿ ಜರ್ಮನ್ ಆಫೀಸರ್‌ಗಳು ತಮ್ಮ ಹಾಡು ಹಾಡ್ತಿರುವಾಗ ನಾಜಿ ವಿರೋಧಿ ನಾಯಕ ಲಾಸ್ಲೊ ಬ್ಯಾಂಡಿನವ್ರಿಗೆ ಫ್ರಾನ್ಸಿನ ರಾಷ್ಟ್ರಗೀತೆ ಮಾರ್ಸೆಯೇಸ್ ನುಡಿಸಿ ಅಂತಾನೆ, ಇಡೀ ಕ್ಲಬ್ ಎದ್ದು ನಿಲ್ಲತ್ತೆ, ಕಣ್ಣಲ್ಲಿ ನೀರು ತುಂಬ್ಕೊಂಡು ಹಾಡೋ ಹುಡುಗಿ ಮುಖ ಕ್ಲೋಸಪ್ಪಲ್ಲಿ ಬರತ್ತೆ. ಅದೇ ಇವೊನ್ ಪಾತ್ರ, ಅದೇ ಲೆಬೋ. ಆಗಿನ್ನೂ 19 ವರ್ಷ. ಗ್ಲಿಸರಿನ್ ಹಾಕ್ಕೊಂಡು ಅತ್ತಂಗೆ ಕಾಣಲ್ಲ ಅದು. ಎರಡು ವರ್ಷದ ಹಿಂದೆ ಊರು ಬಿಟ್ಟು ಓಡಿ ಬಂದಿದ್ಲು. ಗಂಡ ಅದೇ ಸೆಟ್ಟಲ್ಲಿ ರೂಲೆಟ್ ಟೇಬಲ್ ಹತ್ರ. ಹೆಂಡ್ತಿ ಹೆಸರು ಟೈಟಲ್ಲಲ್ಲಿ ಇದೆ, ಗಂಡಂದು ಇಲ್ಲ. 1942ರ ಜೂನಲ್ಲಿ ಶೂಟಿಂಗ್ ನಡೀತಿರುವಾಗ್ಲೇ ದಾಲಿಯೊ ಡೈವೋರ್ಸಿಗೆ ಅರ್ಜಿ ಹಾಕ್ದ, ನನ್ನ ಬಿಟ್ಟು ಹೋಗಿದಾಳೆ ಅನ್ನೋ ಕಾರಣ ಕೊಟ್ಟು. ಆಮೇಲೆ ಅವಳು ಫ್ರಾನ್ಸಿಗೆ ವಾಪಸ್ ಹೋದ್ಲು, ಇಟಲಿಯ ಡೈರೆಕ್ಟರ್ ಫೆಲಿನಿಯ ಎಂಟೂವರೆ (8½) ಸಿನಿಮಾದಲ್ಲೂ ಒಂದು ಪಾತ್ರ ಮಾಡಿದ್ಲು, 2016ರಲ್ಲಿ ತೀರ್ಕೊಂಡ್ಲು. ಕ್ಯಾಸಾಬ್ಲಾಂಕಾದ ಟೈಟಲ್ಲಲ್ಲಿ ಹೆಸರಿದ್ದವರಲ್ಲಿ ಬದುಕುಳಿದಿದ್ದ ಕೊನೆಯವಳು ಅವಳೇ.

ನಾಣಿ77
ಗಂಡಂಗೆ ಆಗ 42, ಹುಡುಗಿಗೆ 19. ಡೈವೋರ್ಸ್ ಆಗದೆ ಇನ್ನೇನಾಗತ್ತೆ 😄

ಸೈಲೆಂಟ್_ಸರೋಜ
ಅದು ಅವರ ಮನೆ ವಿಷ್ಯ, ನಿಮಗ್ಯಾಕೆ ಲೆಕ್ಕ.

ಕುಡ್ಲದ_ಕಣ್ಣು
ಒಂದು ತಮಾಷೆ ಗೊತ್ತುಂಟಾ? ಕ್ಯಾಸಾಬ್ಲಾಂಕಾದ ಕಥೆಯೇ ವೀಸಾ, ಪರ್ಮಿಟ್, ಲಿಸ್ಬನ್‌ಗೆ ಹೋಗುವ ವಿಮಾನ ಅಂತ. ಸೆಟ್ಟಿನಲ್ಲಿ ಇದ್ದವರಲ್ಲಿ ಅರ್ಧಕ್ಕರ್ಧ ಜನ ಹಾಗೆಯೇ ಓಡಿ ಬಂದವರು. ಬಲ್ಗೇರಿಯಾದ ಹೊಸ ಜೋಡಿಗೆ ಎಕ್ಸಿಟ್ ವೀಸಾಕ್ಕೆ ದುಡ್ಡು ಬೇಕು, ಆಗ ಕ್ಲಬ್ಬಿನ ಧನಿ ಪಾತ್ರದ ಬೋಗಾರ್ಟ್ ಬಂದು ಆ ಹುಡುಗನಿಗೆ 22ಕ್ಕೆ ಕಟ್ಟು ಅಂತ ಹೇಳುವುದು. ಆಗ ದಾಲಿಯೊ ಮುಖ ನೋಡಿ ಮಾರಾಯ್ರೆ! ಧನಿ ಏನು ಹೇಳ್ತಿದ್ದಾರೆ ಅಂತ ಅವನಿಗೆ ಒಂದೇ ನೋಟದಲ್ಲಿ ಗೊತ್ತಾಗ್ತದೆ, ಮಾತಿಲ್ಲ, ಚಕ್ರ ತಿರುಗಿಸ್ತಾನೆ, 22 ಬೀಳ್ತದೆ, ಇನ್ನೊಂದು ಸಲವೂ 22. ಆಮೇಲೆ ಬೋಗಾರ್ಟ್ ಇವತ್ತು ಕಲೆಕ್ಷನ್ ಹೇಗುಂಟು ಅಂತ ಕೇಳುವಾಗ ಇವನು "ನಾನು ಅಂದುಕೊಂಡದ್ದಕ್ಕಿಂತ ಒಂದೆರಡು ಸಾವಿರ ಕಮ್ಮಿ" ಅಂತಾನೆ. ನಕಲಿ ವೀಸಾ ಹಿಡ್ಕೊಂಡು ಸಮುದ್ರದ ಮಧ್ಯ ಸಿಕ್ಕಿಬಿದ್ದವನೇ ಇನ್ನೊಬ್ಬನಿಗೆ ವೀಸಾದ ದುಡ್ಡು ಗೆಲ್ಲಿಸಿಕೊಡುವುದು. ಇದು ಸಣ್ಣ ಪಾತ್ರ ಅಂತ ಹೇಗೆ ಹೇಳ್ತೀರಿ?

ರೀಲ್_ರಂಗ
ಇದನ್ನೆಲ್ಲ ನೀವು ಅವನ ಜೀವನ ಓದ್ಕೊಂಡು ಸೀನಿಗೆ ಹಚ್ತಿದೀರ. ಪರದೆ ಮೇಲೆ ಅವ್ನು ಇರೋದು ಎಷ್ಟು ಹೊತ್ತು? ನನ್ ಪ್ರಕಾರ ಮಂಜು ಹೇಳಿದ್ದೇ ಸರಿ. ಕ್ಯಾಸಾಬ್ಲಾಂಕಾಗೆ ಮುಂಚೆ 1941ರಲ್ಲಿ ಸ್ಟರ್ನ್‌ಬರ್ಗ್ ಅವರ ಶಾಂಘೈ ಜೆಸ್ಚರ್‌ನಲ್ಲೂ ರೂಲೆಟ್ ಚಕ್ರ ತಿರುಗಿಸೋನೇ. ಒಂದ್ಸಲ ಕ್ರೂಪಿಯರ್ ಆದ್ರೆ ಮುಗೀತು, ಕಾಸ್ಟಿಂಗ್ ಆಫೀಸಿನವ್ರು ಫೈಲಿಗೆ ಸೀಲ್ ಹೊಡ್ದಂಗೆ. ಬೋಗಾರ್ಟ್-ಬಕಾಲ್ ಸಿನಿಮಾ ಟು ಹ್ಯಾವ್ ಅಂಡ್ ಹ್ಯಾವ್ ನಾಟ್‌ನಲ್ಲಿ ಹೋಟೆಲ್ ಮಾಲೀಕ, ಪಾತ್ರದ ಅಡ್ಡಹೆಸರೇ "ಫ್ರೆಂಚಿ". ಅಷ್ಟೇ ಹಾಲಿವುಡ್ಡಿನ ಕಲ್ಪನಾಶಕ್ತಿ.

ಹಳೇ_ಪ್ರೊಜೆಕ್ಟರ್
ರಂಗ, 1944ರ ವಿಲ್ಸನ್ ಅನ್ನೋ ಸಿನಿಮಾದಲ್ಲಿ ಅದೇ ಹಾಲಿವುಡ್ಡು ಅವರಿಗೆ ಕ್ಲೆಮಾಂಸೋ ಪಾತ್ರ ಕೊಟ್ಟಿತ್ತು. ಫ್ರಾನ್ಸಿನ ಪ್ರಧಾನಿ! ಸೀಲ್ ಹೊಡ್ದಿದ್ರೆ ಅದೆಂಗೆ ಸಿಗ್ತಿತ್ತು?

ಆದ್ರೆ ನಾನು ಹೇಳ್ಬೇಕು ಅಂತಿರೋದು ಬೇರೆ. ನೀವೆಲ್ಲ ಫ್ರಾನ್ಸಲ್ಲಿ ಅವ್ರು ಸ್ಟಾರ್ ಆಗಿದ್ರು, ಅಮೆರಿಕಾಗೆ ಬಂದು ಇಳಿದ್ರು ಅಂತ ಮಾತಾಡ್ತಿದೀರ. ಫ್ರಾನ್ಸಲ್ಲೂ ಅವ್ರು ಪೋಷಕ ನಟನೇ. ಪ್ಯಾರಿಸಿನ ನಟನಾ ಶಾಲೆ ಕನ್ಸರ್ವೇಟ್ವಾರಲ್ಲಿ ಕಲಿತು, 1920ರಿಂದ ಹಾಡು-ಕುಣಿತದ ರೆವ್ಯೂಗಳಲ್ಲಿ, ನಾಟಕದಲ್ಲಿ ಬೆವರು ಸುರಿಸಿ, ಮೂವತ್ತು ದಾಟಿದ್ಮೇಲೆ ಸಿನಿಮಾಕ್ಕೆ ಬಂದವ್ರು. ಕುಳ್ಳು, ದಪ್ಪ ಹುಬ್ಬು, ದೊಡ್ಡ ಕಣ್ಣು. ಸಿಗ್ತಿದ್ದಿದ್ದು ಮೋಸಗಾರ, ಚಾಡಿಕೋರ, ಹೆದರುಪುಕ್ಕಲ, ಇಂಥವೇ. 1937ರ ಪೆಪೆ ಲ ಮೊಕೊದಲ್ಲಿ ಪೊಲೀಸ್ ಮಾಹಿತಿದಾರ. ಅದೇ ವರ್ಷ ರೆನ್ವಾ ರೋಸೆಂಥಾಲ್ ಪಾತ್ರ ಕೊಟ್ಟಿದ್ದು ಅಪವಾದ, ಮಾರ್ಕ್ವಿಸ್ ಪಾತ್ರ ಅದಕ್ಕಿಂತ ದೊಡ್ಡ ಅಪವಾದ. ಆ ಮಾರ್ಕ್ವಿಸ್‌ಗೆ ಮೊದಲು ಕೇಳಿದ್ದು ಕ್ಲಾಡ್ ದೋಫ್ಯಾಂ ಅನ್ನೋ ನಟನ್ನ, ಅವ್ರು ಒಲ್ಲೆ ಅಂದ್ರು, ಆಮೇಲೆ ದಾಲಿಯೊಗೆ ಬಂತು. ಅಂದ್ರೆ ಅವರನ್ನ ದೊಡ್ಡದಾಗಿ ನೋಡಿದ್ದು ಒಬ್ಬ ಡೈರೆಕ್ಟರ್, ಒಂದು ದೇಶ ಅಲ್ಲ. ಆ ಡೈರೆಕ್ಟರ್ ಇಲ್ದೇ ಇದ್ದಿದ್ರೆ ಪ್ಯಾರಿಸಲ್ಲೂ ಚಾಡಿಕೋರನ ಪಾತ್ರನೇ.

ನಾಣಿ77
ಪೆಪೆ ಲ ಮೊಕೊ ಅಂದ್ರೆ ಗೊತ್ತಾಯ್ತು! ಆ ಪಿಯಾನೊಲಾ ತಾನಾಗೇ ಜೋರಾಗಿ ಬಾರಿಸ್ಕೊಳ್ತಾ ಇರತ್ತೆ, ಚಾಡಿಕೋರನ್ನ ಗೋಡೆಗೆ ಒತ್ತಿ ಸಾಯಿಸ್ತಾರೆ. ಅದು ದಾಲಿಯೊ, ಸೂಪರ್ ಸೀನ್.

ಹಳೇ_ಪ್ರೊಜೆಕ್ಟರ್
ಆ ಸೀನಲ್ಲಿ ಸಾಯೋದು ರೆಜಿಸ್, ಮಾಡಿದ್ದು ಶಾರ್ಪ್ಯಾಂ. ದಾಲಿಯೊದು ಲಾರ್ಬಿ ಅಂತ ಬೇರೆ ಪಾತ್ರ. ಚಾಡಿಕೋರರು ಇಬ್ರು ಇದಾರೆ ಆ ಸಿನಿಮಾದಲ್ಲಿ.

ನಾಣಿ77
ಸೀನಂತೂ ಸೂಪರ್, ಯಾರಾದ್ರೂ ಆಗ್ಲಿ.

ಮ್ಯಾಟಿನಿ_ಮಂಜು
@ಹಳೇ_ಪ್ರೊಜೆಕ್ಟರ್ ಸರ್, ಒಬ್ಬ ಡೈರೆಕ್ಟರ್ ನೋಡಿದ್ದು ಅಂದ್ರೆ ಪ್ರತಿಭೆ ಇತ್ತು ಅಂತಾಯ್ತಲ್ಲ, ಅದನ್ನ ಬೇರೆಯವರು ಬಳಸ್ಕೊಳ್ಲಿಲ್ಲ ಅನ್ನೋದೇ ನನ್ನ ವಾದ. ಆ ಆರ್ಗನ್ ಸೀನ್ ತಗೊಳಿ. ಮಾರ್ಕ್ವಿಸ್‌ಗೆ ಹಳೇ ಸಂಗೀತದ ಯಂತ್ರಗಳು, ಕೀ ಕೊಟ್ರೆ ಆಡೋ ಗೊಂಬೆಗಳು ಅಂದ್ರೆ ಹುಚ್ಚು. ಪಾರ್ಟೀಲಿ ಪರದೆ ಸರಿಸಿ ತಾನು ಹೊಸದಾಗಿ ತಂದಿರೋ ದೊಡ್ಡ ಆರ್ಗನ್ ತೋರಿಸ್ತಾನೆ. ದೀಪ ಮಿನುಗ್ತವೆ, ಬಣ್ಣದ ಗೊಂಬೆಗಳು ಗಂಟೆ ಹೊಡೀತವೆ, ಕ್ಯಾಮೆರಾ ನಿಧಾನಕ್ಕೆ ಸರಿದು ಇವನ ಮುಖಕ್ಕೆ ಬಂದು ನಿಲ್ಲತ್ತೆ. ಹೆಮ್ಮೆ ತಡ್ಕೊಳೋಕಾಗ್ತಿಲ್ಲ, ಅದರ ಜೊತೆಗೇ ಜನ ಏನಂದ್ಕೊಳ್ತಾರೋ ಅನ್ನೋ ಸಂಕೋಚ, ಕರ್ಚೀಫಿಂದ ಮುಖ ಒರೆಸ್ಕೊಳ್ತಾನೆ. ಡೈಲಾಗ್ ಇಲ್ಲ. ತಾನು ತೆಗೆದ ಶಾಟುಗಳಲ್ಲೇ ಇದು ಬೆಸ್ಟ್ ಅನ್ನೋ ಥರ ರೆನ್ವಾನೇ ಆಮೇಲೆ ಹೇಳ್ಕೊಂಡಿದಾರೆ. ಇಂಥದ್ದು ಮಾಡಬಲ್ಲ ನಟಂಗೆ "ತಗೊಳಿ ಸರ್ ನಿಮ್ ದುಡ್ಡು".

ಕುಡ್ಲದ_ಕಣ್ಣು
ಅದೇ ಸಿನಿಮಾದಲ್ಲಿ ಆಲೂಗಡ್ಡೆ ಸಲಾಡಿನ ಮಾತು ನೆನಪುಂಟಾ? ಕೆಳಗೆ ಅಡುಗೆಮನೆಯಲ್ಲಿ ಆಳುಗಳು ಊಟಕ್ಕೆ ಕೂತು ಧನಿಯ ಜಾತಕ ತೆಗೀತಾರೆ, ಅವನ ತಾಯಿ ಕಡೆ ಅಜ್ಜನ ಹೆಸರು ರೋಸೆಂಥಾಲ್, ಫ್ರಾಂಕ್‌ಫರ್ಟಿನವನು, ಹಾಗೆ ಹೀಗೆ ಅಂತ. ಆಗ ಅಡುಗೆಯವನು ಬಾಯಿ ಹಾಕಿ, ಧನಿ ಪರದೇಶಿ ಕುಲದವನೇ ಇರಬಹುದು, ಆದ್ರೆ ಮೊನ್ನೆ ನನ್ನನ್ನು ಕರೆಸಿ ಸಲಾಡಿಗೆ ಬೈದ, ಆಲೂಗಡ್ಡೆ ಕುದಿ ಬಿಸಿ ಇರುವಾಗಲೇ ಅದರ ಮೇಲೆ ಬಿಳಿ ವೈನ್ ಸುರೀಬೇಕಿತ್ತು, ಸಹಾಯಕ ಕೈ ಸುಟ್ಟುಕೊಳ್ಳುವುದಕ್ಕೆ ಹೆದರಿ ಹಾಗೆ ಮಾಡಿರ್ಲಿಲ್ಲ, ಧನಿಗೆ ಅದು ತಕ್ಷಣ ಗೊತ್ತಾಯ್ತು, ದೊಡ್ಡ ಮನೆಯವನು ಅಂದ್ರೆ ಅದು, ಅಂತಾನೆ. ಗ್ರ್ಯಾಂಡ್ ಇಲ್ಯೂಷನ್‌ನ ಅದೇ ಹೆಸರನ್ನು ರೆನ್ವಾ ಇಲ್ಲಿ ಬೇಕಂತಲೇ ತಂದದ್ದು. 1939ರ ಜುಲೈಯಲ್ಲಿ ಪ್ಯಾರಿಸಿನ ಪ್ರೇಕ್ಷಕರು ಗಲಾಟೆ ಮಾಡಿದ್ದಕ್ಕೆ ಇದೂ ಒಂದು ಕಾರಣ, ಯಹೂದಿ ನಟನಿಗೆ ಫ್ರೆಂಚ್ ಸಿರಿವಂತನ ಪಾತ್ರ ಕೊಟ್ಟದ್ದು ಬಲಪಂಥದ ಪತ್ರಿಕೆಯವರಿಗೆ ಸಹಿಸ್ಲಿಕ್ಕೆ ಆಗ್ಲಿಲ್ಲ.

ಸೈಲೆಂಟ್_ಸರೋಜ
ಹೌದು. ಸಿನಿಮಾನ ಕತ್ತರಿಸಿ ಕತ್ತರಿಸಿ ಕೊನೆಗೆ ಬ್ಯಾನೇ ಮಾಡಿದ್ರು. ಒರಿಜಿನಲ್ ನೆಗೆಟಿವ್ ಯುದ್ಧದಲ್ಲಿ ಬಾಂಬ್ ಬಿದ್ದು ಹಾಳಾಯ್ತು. ಸಿಕ್ಕ ಚೂರುಗಳನ್ನೆಲ್ಲ ಜೋಡಿಸಿ 106 ನಿಮಿಷದ ಪ್ರಿಂಟ್ ಮಾಡಿದ್ದು 1959ರಲ್ಲಿ. ಅಂದ್ರೆ ದಾಲಿಯೊ ಹಾಲಿವುಡ್ಡಲ್ಲಿ ಕೆಲಸ ಕೇಳ್ಕೊಂಡು ಓಡಾಡ್ತಿದ್ದಾಗ ಅವನ ಬೆಸ್ಟ್ ಸಿನಿಮಾನ ತೋರಿಸೋಣ ಅಂದ್ರೂ ಸರಿಯಾದ ಪ್ರಿಂಟೇ ಇರ್ಲಿಲ್ಲ! ಅಲ್ಲಿನ ಪ್ರೊಡ್ಯೂಸರ್‌ಗಳನ್ನ ಬೈಯೋ ಮುಂಚೆ ಇದನ್ನೂ ಯೋಚ್ನೆ ಮಾಡಿ.

ಧಾರವಾಡ_ಪೇಡಾ
ಇನ್ನೊಂದು ಮಾತು. ಅಂವಾ ಹ್ವಾದ ಮ್ಯಾಲೆ ಪ್ಯಾರಿಸ್‌ನ್ಯಾಗ ಜರ್ಮನ್ನರು ಅವನ ಫೋಟೋ ಪೋಸ್ಟರ್ ಮಾಡಿ ಹಚ್ಚಿದ್ರು, ಯಹೂದಿ ಅಂದ್ರ ಹಿಂಗ ಇರ್ತಾನ, ಗುರ್ತ ಹಿಡೀರಿ ಅಂತ. ಸಿನಿಮಾ ನೋಡಿ ಜನಕ್ಕ ಗೊತ್ತಿದ್ದ ಮುಖ ಅಲ್ಲೇನ್ರಿ. ಅವನ ಮನಿ ಮಂದಿ ಕ್ಯಾಂಪ್‌ನ್ಯಾಗ ಸತ್ರು. ಇಂಥಾದ್ರಾಗ ನೀವು ಕರಿಯರ್ ವೇಸ್ಟ್ ಅಂತ ಕುಂತೀರಿ.

ಮ್ಯಾಟಿನಿ_ಮಂಜು
ಸರ್, ಜೀವ ಉಳಿದಿದ್ದು ದೊಡ್ಡದು, ಯಾರು ಇಲ್ಲ ಅಂದ್ರು? ನಾನು ಕೇಳ್ತಿರೋದು ಸಿನಿಮಾದವ್ರು ಏನ್ ಮಾಡಿದ್ರು ಅಂತ. ಎರಡನ್ನೂ ಕಲಸ್ಬೇಡಿ.

ರೀಲ್_ರಂಗ
ಜಾಂ ಗಬ್ಯಾಂನ ನೋಡಿ. ಅವ್ನೂ ಹಾಲಿವುಡ್ಡಿಗೆ ಹೋದ, ಎರಡು ಸಿನಿಮಾ ಮಾಡ್ದ, ಇದು ನನ್ ಜಾಗ ಅಲ್ಲ ಅಂತ ವಾಪಸ್ ಬಂದು ಫ್ರೀ ಫ್ರೆಂಚ್ ಸೇನೆ ಸೇರಿ ಟ್ಯಾಂಕ್ ಓಡಿಸ್ದ.

ಹಳೇ_ಪ್ರೊಜೆಕ್ಟರ್
ಗಬ್ಯಾಂ ಹೀರೋ, ಅವ್ನಿಗೆ ಕಾಯೋಕೆ ಆಗ್ತಿತ್ತು. ಅಂಥವನಿಗೂ ಯುದ್ಧ ಆದ್ಮೇಲೆ ಸರಿಯಾದ ಹಿಟ್ ಸಿಗೋಕೆ 1954 ಬರ್ಬೇಕಾಯ್ತು. ಪೋಷಕ ನಟ ಒಂದು ವರ್ಷ ಮನೇಲಿ ಕೂತ್ರೆ ಜನ ಮರ್ತೇ ಬಿಡ್ತಾರೆ.

ಬಾಲ್ಕನಿ_ಟಿಕೆಟ್
ನಮ್ಮ ಬಾಲಕೃಷ್ಣ ಇದ್ದಂಗೆ ಅನ್ಸತ್ತೆ ನಂಗೆ ಇವ್ನು. ಕೇಡಿ ಪಾತ್ರ ಕೊಡಿ, ಕಾಮಿಡಿ ಕೊಡಿ, ಅಳೋ ಅಪ್ಪನ ಪಾತ್ರ ಕೊಡಿ, ಪರದೆ ಮೇಲೆ ಬಂದ್ರೆ ಸೀನು ಅವ್ರದ್ದೇ. ಬಾಲಣ್ಣಂಗೆ ಕಿವಿ ಸರಿಯಾಗಿ ಕೇಳ್ತಿರ್ಲಿಲ್ಲ, ಎದುರಿನವರ ತುಟಿ ನೋಡ್ಕೊಂಡು ಟೈಮಿಂಗ್ ಹಿಡೀತಿದ್ರು. ಯಾರಾದ್ರೂ ಅವರನ್ನ ವೇಸ್ಟ್ ಅಂತಾರಾ?

ರೀಲ್_ರಂಗ
ಬಾಲಣ್ಣನ ವಿಷ್ಯ ಬಂದ್ರೆ ಅಭಿಮಾನ್ ಸ್ಟುಡಿಯೋ ಕಥೆ ತೆಗೀಬೇಕಾಗತ್ತೆ, ಅದು ಹೊಟ್ಟೆ ಉರಿಯೋ ಕಥೆ.

ಅಡ್ಮಿನ್
ಬಾಲಕೃಷ್ಣ ಅವರ ಬಗ್ಗೆ ಬೇರೆ ಥ್ರೆಡ್ ಇದೆ, ಅಲ್ಲಿ ಮುಂದುವರಿಸಿ. ಇಲ್ಲಿ ಫ್ರಾನ್ಸು ಸಾಕು.

ಬಾಲ್ಕನಿ_ಟಿಕೆಟ್
ಆಯ್ತು ಸ್ವಾಮಿ 🙏 ಸಬ್ರೀನಾಗೆ ಬರ್ತೀನಿ ಹಂಗಾದ್ರೆ. 1954. ಆಡ್ರೆ ಹೆಪ್‌ಬರ್ನ್ ಪ್ಯಾರಿಸಲ್ಲಿ ಅಡುಗೆ ಕಲಿಯೋಕೆ ಬಂದಿದಾಳೆ, ಸೂಫ್ಲೆ ಅನ್ನೋ ಮೊಟ್ಟೆ ತಿಂಡಿ ಮಾಡಕ್ಕೆ ಇಟ್ಟು ಓವನ್ ಹಚ್ಚೋದೇ ಮರ್ತಿದಾಳೆ. ಪಕ್ಕದಲ್ಲಿ ಕಲೀತಾ ಇರೋ ವಯಸ್ಸಾದ ಬ್ಯಾರನ್ ಹೇಳ್ತಾನೆ, ಪ್ರೀತಿಯಲ್ಲಿ ಸುಖವಾಗಿರೋ ಹೆಣ್ಣು ಸೂಫ್ಲೆ ಸೀಯಿಸ್ತಾಳೆ, ದುಃಖದಲ್ಲಿರೋಳು ಓವನ್ ಹಚ್ಚೋದನ್ನೇ ಮರೀತಾಳೆ ಅಂತ. ಆ ಬ್ಯಾರನ್ ದಾಲಿಯೊ. ಆಮೇಲೆ ಆ ಹುಡುಗಿ ಅಷ್ಟು ಸ್ಟೈಲಾಗಿ ಊರಿಗೆ ವಾಪಸ್ ಬರೋದೇ ಈ ಬ್ಯಾರನ್ ದೆಸೆಯಿಂದ. ಇದ್ದಿದ್ದು ಎರಡ್ಮೂರು ನಿಮಿಷ, ಕಥೆ ತಿರುಗಿಸಿ ಹೋದ.

ಕುಡ್ಲದ_ಕಣ್ಣು
ಜೆಂಟಲ್‌ಮೆನ್ ಪ್ರಿಫರ್ ಬ್ಲಾಂಡ್ಸ್‌ನಲ್ಲಿ ಜಡ್ಜ್ ಕೂಡ ಇವನೇ. ಜೇನ್ ರಸೆಲ್ ಮರ್ಲಿನ್ ಮನ್ರೋ ಹಾಗೆ ಹೊಂಬಣ್ಣದ ವಿಗ್ ಹಾಕ್ಕೊಂಡು ಕೋರ್ಟಿನಲ್ಲಿ ಕುಣಿಯುವಾಗ ಆ ಜಡ್ಜಿನ ಅವಸ್ಥೆ ನೋಡ್ಬೇಕು 😂

ಸೈಲೆಂಟ್_ಸರೋಜ
ಇದು ಎಷ್ಟು ಜನಕ್ಕೆ ಗೊತ್ತೋ: 1955ರಲ್ಲಿ ಅಮೆರಿಕಾ ಟೀವೀಲಿ ಕ್ಯಾಸಾಬ್ಲಾಂಕಾ ಸೀರಿಯಲ್ ಬಂತು. ಅದರಲ್ಲಿ ಪೊಲೀಸ್ ಕ್ಯಾಪ್ಟನ್ ಪಾತ್ರ ಮಾಡಿದ್ದು ದಾಲಿಯೊ. ದುಡ್ಡು ಕೊಡ್ತಿದ್ದವನು ದುಡ್ಡು ಇಸ್ಕೊಳೋನಾದ.

ಮ್ಯಾಟಿನಿ_ಮಂಜು
ಅಯ್ಯೋ ಇದು ಗೊತ್ತೇ ಇರ್ಲಿಲ್ಲ! ಪ್ರಮೋಷನ್ ಸಿಗೋಕೆ ಹದಿಮೂರು ವರ್ಷ.

ಧಾರವಾಡ_ಪೇಡಾ
ನಮ್ಮ ಕಡೆ ಸರ್ಕಾರಿ ನೌಕರಿಗಿಂತ ಜಲ್ದಿ ಆತು ಬಿಡ್ರಿ.

ಹಳೇ_ಪ್ರೊಜೆಕ್ಟರ್
ಮುಖ್ಯವಾದ ಒಂದು ವಿಷ್ಯ ಎಲ್ರೂ ಬಿಟ್ಟಿದೀರ. ರೂಲ್ಸ್ ಆಫ್ ದಿ ಗೇಮ್ ಶೂಟ್ ಮಾಡಿದ ಬಂಗಲೆ ಮೆಟ್ಟಿಲ ಮೇಲೆ ಕೂತ್ಕೊಂಡು ರೆನ್ವಾ, ದಾಲಿಯೊ ಇಬ್ರೂ ವಯಸ್ಸಾದ್ಮೇಲೆ ಮಾತಾಡೋ ಒಂದು ಡಾಕ್ಯುಮೆಂಟರಿ ಇದೆ, ಅರವತ್ತರ ದಶಕದಲ್ಲಿ ಫ್ರೆಂಚ್ ಟೀವಿಗೆ ಡೈರೆಕ್ಟರ್ ರಿವೆಟ್ ಮಾಡಿದ್ದು. ಯಾವಾಗ್ಲೂ ಕೇಡಿ, ಕೋಡಂಗಿ ಪಾತ್ರ ಮಾಡ್ತಿದ್ದ ನನ್ನನ್ನ ಮಾರ್ಕ್ವಿಸ್ ಮಾಡಿದ್ದು ಯಾಕೆ ಅಂತ ದಾಲಿಯೊ ಕೇಳ್ತಾರೆ. ರೆನ್ವಾ ಕೊಡೋ ಉತ್ತರದ ಸಾರಾಂಶ ಏನಂದ್ರೆ, ಆ ಪಾತ್ರದ ಬುಡದಲ್ಲಿ ಒಂದು ಅಭದ್ರತೆ ಇದೆ, ಅದನ್ನ ತೋರಿಸಬಲ್ಲ ನಟ ನೀನೊಬ್ನೇ ಅಂತ ಅನ್ನಿಸ್ತು ಅಂತ. ನನ್ ವಾದನೂ ಅದೇ. ಆ ಅಭದ್ರತೆ ಅವ್ರು ಹಾಲಿವುಡ್ಡಿಗೂ ತಗೊಂಡು ಬಂದ್ರು. ಆ ಕ್ರೂಪಿಯರ್‌ನ ನೋಡಿ, ಆ ಹೋಟೆಲ್ ಮಾಲೀಕನ್ನ ನೋಡಿ, ಯಾರಿಗೂ ನೆಲ ಗಟ್ಟಿ ಇಲ್ಲ, ಎಲ್ರೂ ಧನಿ ಮುಖ ನೋಡ್ಕೊಂಡೇ ಬದುಕೋರು. ಪಾತ್ರ ಸಣ್ಣದಾಗಿದೆ ನಿಜ, ಆದ್ರೆ ಅದೇ ಸರಕು.

ರೀಲ್_ರಂಗ
ಸರಕು ಅದೇ ಅಂದ್ಮೇಲೆ ಅದನ್ನ ಚಿಲ್ಲರೆಯಾಗಿ ಮಾರಿದ್ರಲ್ಲ ಅಂತಾನೇ ನಮ್ಮ ಸಂಕಟ.

ನಾಣಿ77
ರೆನ್ವಾ ಕಲ್ಕತ್ತಾಗೂ ಬಂದಿದ್ರು ಅಲ್ವಾ? ಸತ್ಯಜಿತ್ ರಾಯ್ ಲೊಕೇಶನ್ ಹುಡುಕೋಕೆ ಜೊತೆಗೆ ಹೋಗಿದ್ರಂತೆ.

ಕುಡ್ಲದ_ಕಣ್ಣು
ಹೌದು, ದಿ ರಿವರ್ ಸಿನಿಮಾಕ್ಕೆ. ಅದರಲ್ಲಿ ದಾಲಿಯೊ ಇಲ್ಲ, ಅಡ್ಮಿನ್ ಬೈಯುವ ಮೊದಲು ನಾನೇ ನಿಲ್ಲಿಸ್ತೇನೆ.

ಬಾಲ್ಕನಿ_ಟಿಕೆಟ್
ವೇಸ್ಟ್ ಅನ್ನೋರಿಗೆ 1973ರ ರ‍್ಯಾಬಿ ಜೇಕಬ್ ಪ್ರಶ್ನೆ. ಲೂಯಿ ದ ಫ್ಯೂನೆಸ್ ಕಾಮಿಡಿ ಸಿನಿಮಾ, ರ‍್ಯಾಬಿ ಅಂದ್ರೆ ಯಹೂದಿ ಧರ್ಮಗುರು. ದ ಫ್ಯೂನೆಸ್ ವೇಷ ಹಾಕ್ಕೊಂಡು ಓಡಾಡೋದು ಯಾರ ಹೆಸರಲ್ಲಿ? ನ್ಯೂಯಾರ್ಕಿಂದ ಬರೋ ನಿಜವಾದ ರ‍್ಯಾಬಿ ಜೇಕಬ್ ಹೆಸರಲ್ಲಿ, ಅದು ದಾಲಿಯೊ. ಫ್ರಾನ್ಸಲ್ಲಿ 70 ಲಕ್ಷಕ್ಕೂ ಹೆಚ್ಚು ಟಿಕೆಟ್ ಹೋಯ್ತು. ಯಾವ ಊರಲ್ಲಿ ಯಹೂದಿ ಅಂತ ಮುಖಕ್ಕೆ ಪೋಸ್ಟರ್ ಹಚ್ಚಿದ್ರೋ ಅದೇ ಊರಲ್ಲಿ ಟೈಟಲ್ ಪಾತ್ರದ ರ‍್ಯಾಬಿ ಆಗಿ ಜನರನ್ನ ನಗಿಸ್ದ. 1983ರಲ್ಲಿ ತೀರ್ಕೊಳೋಕೆ ಹತ್ತು ವರ್ಷ ಮುಂಚೆ.

ರೀಲ್_ರಂಗ
ಅದೂ ಸಣ್ಣ ಪಾತ್ರನೇ 😏

ಬಾಲ್ಕನಿ_ಟಿಕೆಟ್
ನಿಂಗೆ ಮೂರು ಗಂಟೆ ಫೈಟು ಸಾಂಗು ಎಲ್ಲ ಇದ್ರೇನೇ ಪಾತ್ರ.

ಹಳೇ_ಪ್ರೊಜೆಕ್ಟರ್
ಜಗಳ ಬಿಟ್ಟು ಒಂದ್ಸಲ ದಿ ಡ್ಯಾಮ್ಡ್ ನೋಡಿ, ಅಮೆರಿಕಾದಿಂದ ವಾಪಸ್ ಹೋದ್ಮೇಲೆ 1947ರಲ್ಲಿ ರೆನೆ ಕ್ಲೆಮಾಂ ಮಾಡಿದ್ದು. ಯುದ್ಧ ಸೋಲ್ತಿದೆ ಅಂತ ಗೊತ್ತಾಗಿ ನಾಜಿಗಳು, ಅವರ ಬಾಲಬಡುಕರು ಸಬ್‌ಮರೀನಲ್ಲಿ ದಕ್ಷಿಣ ಅಮೆರಿಕಾಗೆ ಓಡ್ತಾರೆ. ಅಲ್ಲಿ ಅವರಿಗೆ ಸಹಾಯ ಮಾಡ್ಬೇಕಾದ ವ್ಯಾಪಾರಿ ಲಾರ್ಗಾ, ಅದು ದಾಲಿಯೊ. ಸೋತೋರ ಜೊತೆ ನಂಗ್ಯಾಕೆ ಸಹವಾಸ ಅಂತ ಜಾರ್ಕೊಳೋಕೆ ನೋಡ್ತಾನೆ. ಪರದೆ ಹಿಂದೆ ಬಚ್ಚಿಟ್ಕೊಂಡಿರುವಾಗ ಇರೀತಾರೆ. ಅವನ ಮುಖ ನಮಗೆ ಕಾಣಲ್ಲ. ಪರದೆ ಹಿಡ್ಕೊಂಡು ಕುಸೀತಾನೆ, ಮೇಲಿನ ರಿಂಗುಗಳು ಒಂದೊಂದೇ ಟಪ್ ಟಪ್ ಅಂತ ಕಿತ್ಕೊಂಡು ಬರ್ತವೆ. ನಾಜಿಗಳಿಂದ ಓಡಿ ಬಂದವನೇ ನಾಜಿಗಳ ದಲ್ಲಾಳಿ ಪಾತ್ರ ಮಾಡಿದಾನೆ, ಅದೂ ಯುದ್ಧ ಮುಗಿದು ಎರಡೇ ವರ್ಷಕ್ಕೆ. ಎಂಥ ಗುಂಡಿಗೆ ಬೇಕು.

ಸೈಲೆಂಟ್_ಸರೋಜ
ಕ್ಲಾಸ್ ತೂ ರೀಸ್ಕ್ ಕೂಡ ನೋಡಿ, 1960. ಕದ್ದ ಮಾಲು ಕೊಳ್ಳೋ ಪಾತ್ರ. ಬೆಲ್ಮಾಂದೊ, ಲಿನೊ ವೆಂಚುರಾ ಇದಾರೆ. ಹಳೇ ಸ್ನೇಹಿತನಿಗೆ ಕೈ ಕೊಡೋವಾಗ ಮುಖದಲ್ಲಿ ನಾಚಿಕೆ ಒಂಚೂರೂ ಇಲ್ಲ.

ಮ್ಯಾಟಿನಿ_ಮಂಜು
ಎರಡೂ ಲಿಸ್ಟಿಗೆ ಹಾಕ್ಕೊಂಡೆ. ಹಾಲಿವುಡ್ ಬಗ್ಗೆ ನನ್ನ ಮಾತು ಬದಲಾಗಲ್ಲ, ಫ್ರಾನ್ಸ್ ಬಗ್ಗೆ ಬೇಕಾದ್ರೆ ರಾಜಿ ಆಗ್ತೀನಿ.

ನಾಣಿ77
ದಿ ಡ್ಯಾಮ್ಡ್ ಹಾಕಿ ಕೂತೆ. ಎರಡೂವರೆ ಗಂಟೆ ಮುಗೀತು, ಕಲರ್ ಸಿನಿಮಾ, ನಾಜಿಗಳು ಇದಾರೆ, ಸಬ್‌ಮರೀನೂ ಇಲ್ಲ ದಾಲಿಯೊನೂ ಇಲ್ಲ. ಪ್ರೊಜೆಕ್ಟರ್ ಸರ್ ಏನಿದು?

ಕುಡ್ಲದ_ಕಣ್ಣು
ಅದು ವಿಸ್ಕಾಂಟಿದು ಮಾರಾಯ್ರೆ, 1969ರದ್ದು. ಕ್ಲೆಮಾಂದು ಬ್ಲ್ಯಾಕ್ ಅಂಡ್ ವೈಟ್. ಎರಡೂವರೆ ಗಂಟೆ ದಾಲಿಯೊ ಬರ್ತಾನೆ ಅಂತ ಕಾಯ್ತಾ ಕೂತದ್ದಾ?

ನಾಣಿ77
ಸಣ್ಣ ಪಾತ್ರ ಅಂತ ನೀವೇ ಹೇಳಿದ್ರಲ್ಲ, ಕೊನೇಲಿ ಬರ್ತಾನೇನೋ ಅಂತ ಕೂತಿದ್ದೆ.